ಸಾವಕಾರಿ ಪಾಶ: ಕಳೆದ ರೀಲು, ಕೇಳುವ ಕಾಗದ

1

ನೋಡಲು ಸಿಗದ ಸಿನೆಮಾ ಒಂದರ ಬಗ್ಗೆ ದಲಿತ ವಿಮರ್ಶೆಯ ಈ ವಿಶೇಷ ಸಂಚಿಕೆಯಲ್ಲಿ ಯಾಕೆ ಬರೆಯಬೇಕು ಎಂಬ ಪ್ರಶ್ನೆಯನ್ನು ಗೆಳೆಯರು ಕೇಳಿಯೇ ಕೇಳುತ್ತಾರೆ. ಕೈಗೆ ಸಿಗುವ ಕತೆ, ಕಾದಂಬರಿ, ಆತ್ಮಕಥನಗಳನ್ನೇ ನಾವಿನ್ನೂ ನಮ್ಮ ಕಣ್ಣಿನಿಂದ ಓದಿ ಮುಗಿಸಿಲ್ಲ. ಹೀಗಿರುವಾಗ 1925ರಲ್ಲಿ ಕೊಲ್ಹಾಪುರದಲ್ಲಿ ತಯಾರಾಗಿ, ಆಮೇಲೆ ಹೇಳಹೆಸರಿಲ್ಲದಂತೆ ಕರಗಿಹೋದ ಮೂಕಿ ಚಿತ್ರವೊಂದು ನಮಗೆ ಏನು ಕೊಟ್ಟೀತು?

ಹೇಳಹೆಸರಿಲ್ಲದಂತೆ ಎಂದೆ. ನಿಜವಾಗಿ ಹಾಗೆ ಆಗಲಿಲ್ಲ. ರೀಲು ಹೋಯಿತು, ಹೆಸರು ಉಳಿಯಿತು. ಭಾರತೀಯ ಸಿನೆಮಾದ ಯಾವ ಚರಿತ್ರೆಯನ್ನು ತೆರೆದರೂ ‘ಸಾವಕಾರಿ ಪಾಶ’ ಎಂಬ ಚಿತ್ರಕ್ಕೆ ಒಂದು ಗೌರವದ ಜಾಗ ಇದ್ದೇ ಇರುತ್ತದೆ. ವಾಸ್ತವವಾದಿ ಸಿನೆಮಾದ ಮೊದಲ ಹೆಜ್ಜೆ ಅದು ಎನ್ನುತ್ತಾರೆ. ಹಾಗೆ ಬರೆದವರಲ್ಲಿ ಬಹುಪಾಲು ಜನ ಚಿತ್ರವನ್ನು ಕಂಡವರಲ್ಲ. ಕಂಡವರು ಹೇಳಿದ್ದನ್ನು ಕೇಳಿದವರು. ಅಂದರೆ ಈ ದೇಶದ ವಿದ್ವತ್ತು ಒಂದು ವಸ್ತು ಕೈಯಲ್ಲಿಲ್ಲದಿದ್ದಾಗಲೂ, ಹಳಬರ ಬಾಯಿಮಾತನ್ನು ನಂಬಿ ಅದನ್ನು ಚರಿತ್ರೆಗೆ ಸೇರಿಸಿಕೊಳ್ಳುತ್ತದೆ. ಇದು ತಪ್ಪಲ್ಲ, ಸರಿಯೇ. ಆದರೆ ಇದೇ ಉದಾರತೆ ನಮ್ಮ ಕೇರಿಗಳ ವಿಷಯ ಬಂದಾಗ ಎಲ್ಲಿಗೆ ಹೋಗುತ್ತದೆ ಎಂಬುದನ್ನು ಕೇಳುವುದಕ್ಕಾಗಿ ನಾನು ಈ ಚಿತ್ರವನ್ನು ಎತ್ತಿಕೊಂಡಿದ್ದೇನೆ.

ನಾನು ಅರಬೈಲ್ ಘಟ್ಟದ ಕಡೆಯವನು. ಯಲ್ಲಾಪುರದಿಂದ ಅಂಕೋಲೆಗೆ ಇಳಿಯುವ ದಾರಿಯಲ್ಲಿ ಈ ಘಟ್ಟ ಸಿಗುತ್ತದೆ. 1862ರಿಂದ 1956ರವರೆಗೆ ನಮ್ಮ ಜಿಲ್ಲೆ ಮುಂಬಯಿ ಆಡಳಿತದಲ್ಲಿತ್ತು. ರೈಲು ಬರುವ ಮುಂಚೆ ಧಾರವಾಡ ಹುಬ್ಬಳ್ಳಿ ಕಡೆಯ ಹತ್ತಿ ಎತ್ತಿನ ಗಾಡಿಗಳ ಮೇಲೆ ಇಂಥ ಘಟ್ಟಗಳನ್ನು ಇಳಿದು, ಕಾರವಾರ ಕುಮಟೆಯ ಬಂದರುಗಳಲ್ಲಿ ಹಡಗು ಹತ್ತಿ ಮುಂಬಯಿಗೆ ಹೋಗುತ್ತಿತ್ತು. ಆದ್ದರಿಂದ ಮುಂಬಯಿಯ ಸಾಲದ ಕಾನೂನು, ಮುಂಬಯಿಯ ಗಿರಣಿ, ಮುಂಬಯಿಯ ಸಿನೆಮಾ ಇವೆಲ್ಲ ನಮಗೆ ಪರದೇಶದ ಸಂಗತಿಗಳಲ್ಲ. ‘ಸಾವಕಾರಿ ಪಾಶ’ದ ಕತೆ ನಡೆಯುವ ನೆಲಕ್ಕೂ ನಮ್ಮ ಘಟ್ಟಕ್ಕೂ ನಡುವೆ ಈಗ ರಾಜ್ಯದ ಗಡಿ ಇದೆ, ಆಗ ಅಷ್ಟು ದೊಡ್ಡ ಗಡಿ ಇರಲಿಲ್ಲ.

2

ಮೊದಲು ಚಿತ್ರದ ಪರಿಚಯ ಮಾಡಿಕೊಳ್ಳೋಣ. ‘ಸಾವಕಾರಿ ಪಾಶ’ ಎಂದರೆ ಸಾಹುಕಾರನ ಉರುಳು. ನಾರಾಯಣ ಹರಿ ಆಪಟೆಯವರ ಮರಾಠಿ ಕಾದಂಬರಿಯನ್ನು ಆಧರಿಸಿ ಬಾಬುರಾವ್ ಪೇಂಟರ್ ತಮ್ಮ ಮಹಾರಾಷ್ಟ್ರ ಫಿಲ್ಮ್ ಕಂಪನಿಯಿಂದ ಇದನ್ನು ತೆಗೆದರು. ಆಪಟೆಯವರು ಮುಂದೆಯೂ ಸಿನೆಮಾಕ್ಕೆ ಹತ್ತಿರವೇ ಉಳಿದ ಲೇಖಕ. ವಿ. ಶಾಂತಾರಾಮ್ 1937ರಲ್ಲಿ ತೆಗೆದ ‘ಕುಂಕು’ ಚಿತ್ರಕ್ಕೆ ಮೂಲವೂ ಇವರದೇ ಕಾದಂಬರಿ.

ಪೇಂಟರ್ ಎಂಬುದು ಮನೆತನದ ಹೆಸರಲ್ಲ, ಕೆಲಸದಿಂದ ಬಂದ ಹೆಸರು. ಬಾಬುರಾವ್ ಕೃಷ್ಣರಾವ್ ಮೇಸ್ತ್ರಿ (1890–1954) ಮರಗೆಲಸ, ಕೆತ್ತನೆ, ಚಿತ್ರ ಬರೆಯುವ ಮನೆಯವರು. ನಾಟಕ ಕಂಪನಿಗಳಿಗೆ ಪರದೆ ಬರೆದು ಹೆಸರು ಮಾಡಿದರು. ಸಿನೆಮಾದ ಹುಚ್ಚು ಹತ್ತಿದ ಮೇಲೆ ಆನಂದರಾವ್ ಪೇಂಟರ್ ಜೊತೆ ಸೇರಿ ಕ್ಯಾಮೆರಾ ಮಾಡುವುದಕ್ಕೆ ಕೂತರು. 1916ರಲ್ಲಿ ಆನಂದರಾವ್ ತೀರಿಕೊಂಡರು. ಆಮೇಲೂ ಬಿಡದೆ ಊರಿನಲ್ಲೇ ಕ್ಯಾಮೆರಾ ಕಟ್ಟಿ ನಿಲ್ಲಿಸಿದರು. ಕಂಪನಿಗೆ ದುಡ್ಡು ಹಾಕಿದವರು ತಾನಿಬಾಯಿ ಕಾಗಲ್ಕರ್ ಎಂಬ ಗಾಯಕಿ. 1920ರ ‘ಸೈರಂಧ್ರಿ’ಯಲ್ಲಿ ಹೆಣ್ಣಿನ ಪಾತ್ರವನ್ನು ಹೆಣ್ಣೇ ಮಾಡಬೇಕೆಂದು ಗುಲಾಬಬಾಯಿಯಂಥವರು ಮುಂದೆ ಬಂದಾಗ, ಅವರ ಸುತ್ತಿನವರೇ ಅವರನ್ನು ದೂರ ಇಟ್ಟರು. ಹೀಗೆ ಆ ಕಂಪನಿಯ ಬುನಾದಿಯಲ್ಲಿ ಬಡಗಿಯ ಕೈ, ಹಾಡುವವಳ ಹಣ, ಬೈಸಿಕೊಂಡ ನಟಿಯರ ಧೈರ್ಯ ಇವೆ. ಭಾರತೀಯ ಸಿನೆಮಾವನ್ನು ಪುರಾಣ ಓದಿದ ಪಂಡಿತರು ಮಾತ್ರ ಕಟ್ಟಿದರು ಎನ್ನುವವರು ಈ ಕಡೆಗೂ ಒಂದಿಷ್ಟು ನೋಡುವುದು ಒಳ್ಳೆಯದು.

ಕತೆಯ ಸಾರ ಹೀಗಿದೆ: ಹಳ್ಳಿಯ ಒಬ್ಬ ಯುವ ರೈತ ಸಾಲದಲ್ಲಿ ಸಿಕ್ಕಿಕೊಳ್ಳುತ್ತಾನೆ. ಸಾಹುಕಾರ ಸುಳ್ಳು ಪತ್ರ ಮಾಡಿ ಅವನ ಭೂಮಿ ನುಂಗುತ್ತಾನೆ. ಭೂಮಿ ಕಳಕೊಂಡ ರೈತ ಊರು ಬಿಟ್ಟು ಪಟ್ಟಣ ಸೇರಿ ಗಿರಣಿಯ ಕೂಲಿಯಾಗುತ್ತಾನೆ. ರೈತನ ಪಾತ್ರ ವಿ. ಶಾಂತಾರಾಮ್ ಅವರದು, ಸಾಹುಕಾರನ ಪಾತ್ರ ಝುಂಝಾರರಾವ್ ಪವಾರ್ ಅವರದು. ದೇವರು, ರಾಕ್ಷಸರು, ಮಹಾರಾಜರೇ ಪರದೆ ತುಂಬಿಕೊಂಡಿದ್ದ ಕಾಲದಲ್ಲಿ ಹರಿದ ಧೋತರದ ರೈತನನ್ನು ನಾಯಕನನ್ನಾಗಿ ತಂದದ್ದು ಸಣ್ಣ ಸಂಗತಿಯಲ್ಲ. ಆ ಕಾಲಕ್ಕೆ ಅದೊಂದು ದಿಟ್ಟ ಕೆಲಸ.

3

ಚಿತ್ರ ಹೇಗೆ ಕಳೆದುಹೋಯಿತು ಎನ್ನುವುದನ್ನು ತಿಳಿಯಲು ಆ ಕಾಲದ ಫಿಲ್ಮಿನ ಗುಣ ತಿಳಿಯಬೇಕು. ಆಗಿನ ಫಿಲ್ಮು ನೈಟ್ರೇಟಿನದು. ಬೆಂಕಿ ಕಂಡರೆ ಹೊತ್ತಿಕೊಳ್ಳುವಂಥದು, ಒಮ್ಮೆ ಹೊತ್ತಿತೆಂದರೆ ನೀರು ಸುರಿದರೂ ಆರದು. ಬೆಂಕಿ ತಾಗದಿದ್ದರೂ ಸೆಕೆ, ಥಂಡಿಗೆ ಜಿಗಟಾಗಿ ಕೊನೆಗೆ ಪುಡಿಯಾಗುತ್ತದೆ. ಜೊತೆಗೆ ಅದರ ಮೇಲಿನ ಚಿತ್ರ ಮೂಡುವುದು ಬೆಳ್ಳಿಯ ಕಣಗಳಿಂದ. ಮಾತಿನ ಚಿತ್ರ ಬಂದಮೇಲೆ ಮೂಕಿಯ ರೀಲುಗಳಿಗೆ ಬೆಲೆ ಇಲ್ಲದಾಯಿತು. ತೊಳೆದು ಬೆಳ್ಳಿ ತೆಗೆದರೆ ನಾಲ್ಕು ಕಾಸು ಸಿಗುತ್ತಿತ್ತು. ಹಾಗಾಗಿ ಎಷ್ಟೋ ಚಿತ್ರಗಳು ಗುಜರಿಗೆ ಹೋದವು. ಭಾರತದಲ್ಲಿ ತಯಾರಾದ ಮೂಕಿ ಚಿತ್ರಗಳು ಸುಮಾರು 1,300. ಪೂರ್ಣವಾಗಿಯೋ ತುಂಡಾಗಿಯೋ ಉಳಿದವು ಕೆಲವೇ ಹತ್ತುಗಳು. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾದದ್ದೇ 1964ರಲ್ಲಿ, ಅಷ್ಟರಲ್ಲಿ ಬಹಳಷ್ಟು ಮುಗಿದಿತ್ತು. ಅಲ್ಲಿ ಉಳಿಸಿಟ್ಟದ್ದರಲ್ಲೂ ಒಂದು ಪಾಲು 2003ರ ಬೆಂಕಿಗೆ ಹೋಯಿತು.

ಕನ್ನಡಿಗರಿಗೂ ಈ ನಷ್ಟ ಹೊಸದಲ್ಲ. ನಮ್ಮ ಮೊದಲ ಮಾತಿನ ಚಿತ್ರ ‘ಸತಿ ಸುಲೋಚನಾ’ (1934) ಚಿತ್ರೀಕರಣವಾದದ್ದೂ ಇದೇ ಕೊಲ್ಹಾಪುರದ ಛತ್ರಪತಿ ಸಿನೆಟೋನಿನಲ್ಲಿ. ಅದರ ಪ್ರತಿಯೂ ಈಗ ಇಲ್ಲ.

‘ಸಾವಕಾರಿ ಪಾಶ’ವನ್ನು ಪೇಂಟರ್ 1936ರಲ್ಲಿ ಮಾತಿನ ಚಿತ್ರವಾಗಿ ಮತ್ತೆ ತೆಗೆದರು. ಮೂಕಿ ಚಿತ್ರದ ನೆನಪು ಉಳಿಯಲು ಇದೂ ಒಂದು ಕಾರಣ. ಇಲ್ಲಿ ಒಂದು ಸ್ವಾರಸ್ಯವಿದೆ. ವಾಡಿಯಾ ಮೂವೀಟೋನಿನ ಜೆ.ಬಿ.ಎಚ್. ವಾಡಿಯಾ ಈ ಚಿತ್ರದ ಬಗ್ಗೆ ಹೇಳಿದ ನೆನಪನ್ನು ಸಿನೆಮಾ ಚರಿತ್ರೆಕಾರರು ಮತ್ತೆ ಮತ್ತೆ ಉಲ್ಲೇಖಿಸುತ್ತಾರೆ. ಮಬ್ಬು ಬೆಳಕಿನಲ್ಲಿ ದೂರದಿಂದ ತೋರಿಸಿದ ಒಂದು ಪಾಳು ಗುಡಿಸಲು, ಎಲ್ಲೋ ಊಳಿಡುವ ನಾಯಿ. ಆದರೆ ವಾಡಿಯಾ ಮೂಕಿಯನ್ನು ನೆನೆದದ್ದು ಮಸುಕಾಗಿ. ಗುಡಿಸಲು ಮತ್ತು ನಾಯಿಯ ಊಳು ಅವರ ಮನಸ್ಸಿನಲ್ಲಿ ನಿಂತದ್ದು ಮಾತಿನ ಚಿತ್ರದಿಂದ. ಮುಂದೆ ಬರೆದವರ ಕೈಯಲ್ಲಿ ಈ ಎರಡು ನೆನಪುಗಳು ಕಲೆತು, ಸದ್ದೇ ಇಲ್ಲದ ಚಿತ್ರದಲ್ಲಿ ನಾಯಿ ಊಳಿಡತೊಡಗಿತು.

ಇದನ್ನು ನಾನು ಕುಹಕಕ್ಕೆ ಹೇಳುತ್ತಿಲ್ಲ. ನೆನಪು ಇರುವುದೇ ಹಾಗೆ. ಅದು ಒಂದಕ್ಕೊಂದು ಕೂಡಿಸಿಕೊಳ್ಳುತ್ತದೆ, ಕಾಲ ಅದಲುಬದಲು ಮಾಡುತ್ತದೆ. ಹಾಗಿದ್ದೂ ಆ ನೆನಪನ್ನು ಯಾರೂ ತಿರಸ್ಕರಿಸಲಿಲ್ಲ. ಕೂಡಿಸಿ ಕಳೆದು, ಅದರಲ್ಲಿ ಸತ್ಯ ಎಷ್ಟಿದೆ ನೋಡಿ, ಚರಿತ್ರೆಯಲ್ಲಿ ಕೂರಿಸಿದರು. ಈ ಮಾತು ಮುಂದೆ ಬೇಕಾಗುತ್ತದೆ, ನೆನಪಿಡಿ.

4

ಈಗ ಕತೆಯ ನಡುವಿನ ವಸ್ತುವಿಗೆ ಬರೋಣ. ಚಿತ್ರದಲ್ಲಿ ಉರುಳು ಎಂದರೆ ಹಗ್ಗವಲ್ಲ, ಪತ್ರ. ಸಾಹುಕಾರನ ಬಲ ಇರುವುದು ಅವನ ತೋಳಿನಲ್ಲಲ್ಲ, ಅವನ ಪೆಟ್ಟಿಗೆಯಲ್ಲಿರುವ ಕಾಗದದಲ್ಲಿ. ಓದಲು ಬಾರದ ರೈತ ಹೆಬ್ಬೆಟ್ಟು ಒತ್ತುತ್ತಾನೆ, ಅಲ್ಲಿಗೆ ಮುಗಿಯಿತು.

ಈ ಕಾಗದದ ಜೊತೆ ಮುಂಬಯಿ ಪ್ರಾಂತದ ರೈತರಿಗೆ ಒಂದು ಹಳೇ ಲೆಕ್ಕವಿತ್ತು. 1875ರ ಮೇ ತಿಂಗಳಲ್ಲಿ ಪುಣೆ ಜಿಲ್ಲೆಯ ಸುಪೆ ಎಂಬಲ್ಲಿ ಶುರುವಾದ ದಖ್ಖನ್ ದಂಗೆಯಲ್ಲಿ ರೈತರು ಸಾಹುಕಾರರ ಮನೆಗೆ ನುಗ್ಗಿದರು. ಅವರು ಮುಖ್ಯವಾಗಿ ಹುಡುಕಿದ್ದು ಸಾಲಪತ್ರಗಳನ್ನು. ಸಿಕ್ಕಿದ ಪತ್ರಗಳನ್ನು ಬೀದಿಗೆ ತಂದು ಸುಟ್ಟರು. ಸರ್ಕಾರ ತನಿಖೆ ಮಾಡಿ 1879ರಲ್ಲಿ ದಖ್ಖನ್ ಕೃಷಿಕರ ಪರಿಹಾರ ಕಾಯ್ದೆ ತಂದಿತು. ರೈತ ಬರೆದುಕೊಡುವ ಪತ್ರ ಹಳ್ಳಿಯ ರಿಜಿಸ್ಟ್ರಾರನ ಎದುರು ಆಗಬೇಕು. ತಂಟೆ ಬಂದರೆ ನ್ಯಾಯಾಲಯ ಪತ್ರದ ಮಾತನ್ನೇ ನಂಬದೆ ಅದರ ಹಿಂದಿನ ಲೇವಾದೇವಿಯನ್ನು ಬಗೆದು ನೋಡಬೇಕು ಎಂದು ಆ ಕಾಯ್ದೆ ಹೇಳಿತು. ಅಂದರೆ ಬರೆದದ್ದೆಲ್ಲ ಸತ್ಯವಲ್ಲ ಎಂದು ಸರ್ಕಾರವೇ ಒಪ್ಪಿಕೊಂಡ ಹಾಗಾಯಿತು. ‘ಸಾವಕಾರಿ ಪಾಶ’ ಹುಟ್ಟುವ ಹೊತ್ತಿಗೆ ಈ ಕಾಯ್ದೆಗೆ 46 ವರ್ಷ. ಸುಳ್ಳು ಪತ್ರದ ಕತೆ ಆಗಲೂ ಜನರಿಗೆ ತಮ್ಮ ಕತೆ ಎನ್ನಿಸುತ್ತಿತ್ತು ಎಂದರೆ, ಕಾಯ್ದೆ ಎಷ್ಟು ದೂರ ನಡೆದಿತ್ತು ಎನ್ನುವುದನ್ನು ಊಹಿಸಬಹುದು.

ಇನ್ನೊಂದು ಸೂಕ್ಷ್ಮವೂ ಇದೆ. ಮೂಕಿ ಚಿತ್ರದಲ್ಲಿ ಮಾತು ಅಕ್ಷರವಾಗಿ ಪರದೆಯ ಮೇಲೆ ಬರುತ್ತದೆ. ಎರಡು ಮೂರು ಭಾಷೆಗಳಲ್ಲಿ ಬರೆದು ತೋರಿಸುತ್ತಿದ್ದರು. ಓದು ಬಾರದವರಿಗೆ ಯಾರಾದರೂ ಗಟ್ಟಿಯಾಗಿ ಓದಿ ಹೇಳಬೇಕಿತ್ತು. ಓದಲು ಬಾರದೆ ಮೋಸ ಹೋದವನ ಕತೆಯನ್ನು, ಓದಲು ಬಾರದ ಪ್ರೇಕ್ಷಕ ಇನ್ನೊಬ್ಬನ ಬಾಯಿಯಿಂದ ಕೇಳಿ ತಿಳಿಯಬೇಕು. ಪರದೆಯ ಮೇಲೂ ಪರದೆಯ ಕೆಳಗೂ ಅಕ್ಷರ ಒಬ್ಬರ ಸ್ವತ್ತು. ಈ ದೇಶದಲ್ಲಿ ಯಾರಿಗೆ ಅಕ್ಷರ ಇತ್ತು, ಯಾರಿಗೆ ಇರಲಿಲ್ಲ ಎಂಬುದು ಹಣದ ಪ್ರಶ್ನೆ ಮಾತ್ರ ಆಗಿರಲಿಲ್ಲವೆಂದು ಈ ಪತ್ರಿಕೆಯ ಓದುಗರಿಗೆ ಬಿಡಿಸಿ ಹೇಳಬೇಕಿಲ್ಲ.

5

ನೋಡಲಾಗದ ಚಿತ್ರದ ಮೇಲೆ ತೀರ್ಪು ಕೊಡುವುದು ಅನ್ಯಾಯ. ಆದ್ದರಿಂದ ನನ್ನ ಪ್ರಶ್ನೆ ಚಿತ್ರದ ಮೇಲಲ್ಲ, ಚರಿತ್ರೆಯಲ್ಲಿ ಉಳಿದುಬಂದ ಅದರ ಸಾರಾಂಶದ ಮೇಲೆ. ಆ ಸಾರಾಂಶ ಹೇಳುವುದು: ಭೂಮಿ ಇತ್ತು, ಹೋಯಿತು, ರೈತ ಗಿರಣಿಗೆ ಹೋದ. ಇದೇ ಚೌಕಟ್ಟು ಮುಂದೆ 1953ರ ‘ದೋ ಬಿಘಾ ಜಮೀನ್’ನಲ್ಲಿ ಬರುತ್ತದೆ. ಅಲ್ಲಿ ರೈತ ಗಿರಣಿಯ ಬದಲು ಕಲ್ಕತ್ತೆಯಲ್ಲಿ ರಿಕ್ಷಾ ಎಳೆಯುತ್ತಾನೆ. 1957ರ ‘ಮದರ್ ಇಂಡಿಯಾ’ದಲ್ಲೂ ಸಾಹುಕಾರನ ಲೆಕ್ಕದ ಪುಸ್ತಕ ಹಾಗೆಯೇ ಕೂತಿದೆ. ಭಾರತೀಯ ಸಿನೆಮಾ ‘ರೈತ’ ಎಂದಾಗ ಭೂಮಿ ಕಳಕೊಳ್ಳುವವನನ್ನು ಕಲ್ಪಿಸಿಕೊಳ್ಳುವ ರೂಢಿ ಹೀಗೆ ಬಲಿಯಿತು. ಕಳಕೊಳ್ಳಲು ಭೂಮಿಯೇ ಇಲ್ಲದವನು ಆ ಚೌಕಟ್ಟಿನೊಳಗೆ ಎಲ್ಲಿ ನಿಲ್ಲಬೇಕು?

ಗಿರಣಿಯನ್ನೇ ನೋಡಿ. ಭೂಮಿ ಹೋದ ರೈತನಿಗೆ ಗಿರಣಿ ಪತನ. ಸಾರಾಂಶ ಅವನನ್ನು ಅಲ್ಲಿಗೆ ಮುಟ್ಟಿಸಿ ನಿಲ್ಲುತ್ತದೆ. ಆದರೆ ಆ ಕಾಲದ ಮುಂಬಯಿಯ ಗಿರಣಿಗಳಲ್ಲಿ ಅಸ್ಪೃಶ್ಯರಿಗೆ ನೇಯ್ಗೆ ವಿಭಾಗದ ಬಾಗಿಲು ಮುಚ್ಚಿತ್ತು. ಲಾಳಿಯ ನೂಲು ತುಂಡಾದಾಗ ಅದನ್ನು ಬಾಯಿಯಿಂದ ಹೀರಿ ಪೋಣಿಸಬೇಕಿತ್ತು. ಮಹಾರನ ಎಂಜಲು ತಾಗೀತು ಎಂದು ಸವರ್ಣ ಕಾರ್ಮಿಕರು ಅವರನ್ನು ಒಳಗೆ ಬಿಡಲಿಲ್ಲ. ಕೂಲಿ ಹೆಚ್ಚಿದ್ದದ್ದು ಆ ವಿಭಾಗದಲ್ಲೇ. 1928ರ ಗಿರಣಿ ಮುಷ್ಕರದ ಹೊತ್ತಿನಲ್ಲಿ ಅಂಬೇಡ್ಕರರು ಈ ಪ್ರಶ್ನೆಯನ್ನು ಎತ್ತಿ, ಕಾರ್ಮಿಕ ಮುಖಂಡರನ್ನು ಇಕ್ಕಟ್ಟಿಗೆ ಸಿಕ್ಕಿಸಿದರು. ಅಂದರೆ ಒಬ್ಬ ರೈತನ ಪತನ ಮುಗಿಯುವ ಜಾಗ ಇನ್ನೊಬ್ಬನಿಗೆ ಹತ್ತಲು ಬಿಡದ ಮೆಟ್ಟಿಲಾಗಿತ್ತು.

ಸಾಂಗ್ಲಿ ಜಿಲ್ಲೆಯ ವಾಟೇಗಾಂವಿನಲ್ಲಿ 1920ರಲ್ಲಿ ಮಾಂಗ ಜಾತಿಯಲ್ಲಿ ಹುಟ್ಟಿದ ಅಣ್ಣಾಭಾವು ಸಾಠೆ ಬಾಲ್ಯದಲ್ಲಿ ತಮ್ಮ ಮನೆಯವರೊಂದಿಗೆ ಮುಂಬಯಿವರೆಗೆ ನಡೆದೇ ಹೋದವರು. ಗಿರಣಿಯಲ್ಲೂ ದುಡಿದರು. ಶಾಲೆಯ ಮುಖ ಹೆಚ್ಚು ನೋಡದಿದ್ದವರು ‘ಫಕೀರಾ’ (1959) ಎಂಬ ಕಾದಂಬರಿ ಬರೆದರು; ಅದೂ ಸಿನೆಮಾ ಆಯಿತು. ‘ಸಾವಕಾರಿ ಪಾಶ’ದ ನಾಯಕ ನಡೆದ ದಾರಿಯೇ ಇದು. ಆದರೆ ಸಾಠೆಯ ಮನೆಯವರು ಹೊರಟದ್ದು ಹೊಲ ಕಳಕೊಂಡು ಅಲ್ಲ. ಆ ದಾರಿಯಲ್ಲಿ ಎರಡು ಬಗೆಯ ಜನ ನಡೆದಿದ್ದಾರೆ. ಸಿನೆಮಾಕ್ಕೆ ಮೊದಲು ಕಂಡದ್ದು ಒಬ್ಬರು.

ಕೊಲ್ಹಾಪುರಕ್ಕೆ ಇನ್ನೊಬ್ಬರು ಕಾಣದೇ ಇರುವಂಥ ಕಾಲವೇನೂ ಅದಾಗಿರಲಿಲ್ಲ. ಶಾಹೂ ಮಹಾರಾಜರು 1902ರಲ್ಲೇ ಅಲ್ಲಿ ಹಿಂದುಳಿದವರಿಗೆ ನೌಕರಿಯಲ್ಲಿ ಅರ್ಧ ಪಾಲು ಮೀಸಲಿಟ್ಟಿದ್ದರು. ‘ಸೈರಂಧ್ರಿ’ ತೆರೆಗೆ ಬಂದ 1920ರಲ್ಲೇ ಜನವರಿ 31ರಂದು ಅಂಬೇಡ್ಕರರ ‘ಮೂಕನಾಯಕ’ ಪತ್ರಿಕೆ ಶಾಹೂ ಅವರ ನೆರವಿನಿಂದ ಹೊರಟಿತು. ಮಾರ್ಚಿನಲ್ಲಿ ಕೊಲ್ಹಾಪುರ ಸೀಮೆಯ ಮಾಣಗಾಂವಿನಲ್ಲಿ ಅಸ್ಪೃಶ್ಯರ ಪರಿಷತ್ತು ನಡೆಯಿತು. ‘ಸಾವಕಾರಿ ಪಾಶ’ ಬಂದ 1925ರಲ್ಲೇ ಏಪ್ರಿಲ್ ತಿಂಗಳಲ್ಲಿ, ಕೊಲ್ಹಾಪುರಕ್ಕೆ ಹತ್ತಿರದ, ಈಗ ನಮ್ಮ ಬೆಳಗಾವಿ ಜಿಲ್ಲೆಯಲ್ಲಿರುವ ನಿಪ್ಪಾಣಿಯಲ್ಲಿ ಅಂಬೇಡ್ಕರರ ಅಧ್ಯಕ್ಷತೆಯಲ್ಲಿ ಮುಂಬಯಿ ಪ್ರಾಂತದ ಬಹಿಷ್ಕೃತರ ಪರಿಷತ್ತು ಸೇರಿತು. ಪರದೆಯ ಮೇಲಿನ ಮೂಕಿಗೂ ಪತ್ರಿಕೆಯ ಮೂಕನಿಗೂ ಒಂದೇ ಶಬ್ದ. ಒಂದು ಕಡೆ ಮೂಕತನ ಯಂತ್ರದ ಮಿತಿ, ಮೈಕು ಬಂದ ದಿನ ತೀರಿಹೋಯಿತು. ಇನ್ನೊಂದು ಕಡೆ ಅದನ್ನು ಮುರಿಯಲು ಜನ ಊರೂರಿಗೆ ಸೇರಿ ಕೂಗಬೇಕಾಯಿತು.

ಪರದೆಯ ಮೇಲೆ ದಲಿತಳೊಬ್ಬಳು ಬಂದಾಗ ಏನಾಯಿತು ಎನ್ನುವುದಕ್ಕೆ ಕೇರಳದ ಪಿ.ಕೆ. ರೋಸಿಯ ಕತೆ ಇದೆ. ಮೂಕಿ ಯುಗ ಮುಗಿಯುವ ಹೊತ್ತಿಗೆ ಜೆ.ಸಿ. ಡೇನಿಯಲ್ ತೆಗೆದ ‘ವಿಗತಕುಮಾರನ್’ ಚಿತ್ರದಲ್ಲಿ ಪುಲಯ ಜಾತಿಯ ರೋಸಿ ನಾಯರ್ ಹೆಣ್ಣಿನ ಪಾತ್ರ ಮಾಡಿದಳು. ಸವರ್ಣರು ರೊಚ್ಚಿಗೆದ್ದರು, ಅವಳ ಗುಡಿಸಲು ಸುಟ್ಟರು, ಅವಳು ಊರು ಬಿಟ್ಟು ತಮಿಳುನಾಡಿನ ಕಡೆ ಹೋಗಿ ಬಚ್ಚಿಟ್ಟುಕೊಂಡು ಬದುಕಿದಳು. ಆ ಚಿತ್ರವೂ ಈಗ ಇಲ್ಲ. ಆದರೆ ಅಲ್ಲಿ ರೀಲು ಕಳೆಯುವ ಮೊದಲೇ ನಟಿಯನ್ನು ಕಳೆದಿದ್ದರು.

6

ಭೂಮಿ ಇಲ್ಲದವನ ಸಾಲ ಹೇಗಿರುತ್ತದೆ ಎಂದು ಕನ್ನಡ ಸಾಹಿತ್ಯ ಬೇಗನೆ ಕಂಡಿತು. ಶಿವರಾಮ ಕಾರಂತರ ‘ಚೋಮನ ದುಡಿ’ ಬಂದದ್ದು 1933ರಲ್ಲಿ. ಬಿ.ವಿ. ಕಾರಂತರು ಅದನ್ನು ಸಿನೆಮಾ ಮಾಡಿದ್ದು 1975ರಲ್ಲಿ. ಅದೃಷ್ಟಕ್ಕೆ ಆ ಚಿತ್ರ ಉಳಿದಿದೆ. ಚೋಮನ ಹತ್ತಿರ ಎತ್ತು ಇದೆ, ಉಳಲು ಹೊಲ ಇಲ್ಲ. ಹೊಲೆಯ ಬೇಸಾಯಗಾರ ಆಗಕೂಡದು ಎಂಬುದು ಊರಿನ ಕಟ್ಟು. ತೋಟದ ಸಾಲಕ್ಕೆ ಅವನು ಅಡವಿಡಬಹುದಾದದ್ದು ಮಕ್ಕಳ ದುಡಿಮೆಯನ್ನು ಮಾತ್ರ. ಆ ಸಾಲ ವಜಾ ಆದದ್ದು ಕೊನೆಗೆ ಮಗಳು ಬೆಳ್ಳಿಯ ಮೈಯ ಬೆಲೆಗೆ. ಕಾರಂತರು ಚೋಮನನ್ನು ಹೊರಗಿನಿಂದ ನೋಡಿದರು, ಅವನಿಗೆ ಸಿಟ್ಟಿಗಿಂತ ಸಾವು ಕೊಟ್ಟರು ಎಂದು ನಮ್ಮಲ್ಲಿ ನಡೆದ ವಾಗ್ವಾದ ಎಲ್ಲರಿಗೂ ಗೊತ್ತು. ಆ ವಾಗ್ವಾದವನ್ನು ಒಪ್ಪಿಕೊಂಡೇ ಒಂದು ಮಾತು ಹೇಳಬೇಕು: ‘ಸಾವಕಾರಿ ಪಾಶ’ದ ಪಕ್ಕದಲ್ಲಿ ಇಟ್ಟು ಓದಿದರೆ ‘ಚೋಮನ ದುಡಿ’ಯ ಒಂದು ದೊಡ್ಡ ತಿಳಿವು ಹೊಳೆಯುತ್ತದೆ. ಇಲ್ಲಿ ಸಾಹುಕಾರ ಸುಳ್ಳು ಪತ್ರ ಮಾಡುವ ಅಗತ್ಯವೇ ಇಲ್ಲ. ಜಾತಿಯೇ ಪತ್ರ.

ಘಟ್ಟದ ಮೇಲೆ ಕೆಳಗೆ ನಮ್ಮ ಹಿರಿಯರ ಅನುಭವವೂ ಇದೇ. ಅಡಿಕೆ ತೋಟಗಳಲ್ಲಿ, ಗದ್ದೆಗಳಲ್ಲಿ ಮದುವೆಗೆಂದು, ಕಾಯಿಲೆಗೆಂದು ತೆಗೆದುಕೊಂಡ ದುಡ್ಡಿಗೆ ವರ್ಷಗಟ್ಟಲೆ ಮನೆಯಾಳಾಗಿ ದುಡಿದವರು ಇದ್ದರು. ನಮ್ಮ ಕೇರಿಯ ಒಬ್ಬ ಅಜ್ಜಿ ನನಗೆ ಹೇಳಿದ್ದು ಹೀಗೆ: “ಅವ್ರು ಬರ್ದಿದ್ದೂ ಇಲ್ಲ, ನಾವು ಓದಿದ್ದೂ ಇಲ್ಲ, ತಮಾ. ಮದ್ವೆಗೆ ದುಡ್ಡು ಕೊಟ್ರು, ತೀರೋ ತನಕ ಬಾ ಅಂದ್ರು. ತೀರ್ತು ಅಂತ ಹೇಳೋರು ಅವ್ರೇ ಅಲ್ಲವೋ?” ದಖ್ಖನ್ ರೈತನಿಗೆ ಸುಡುವುದಕ್ಕೆ ಒಂದು ಪತ್ರವಾದರೂ ಇತ್ತು. ಈ ಅಜ್ಜಿಯ ಗಂಡನಿಗೆ ಅದೂ ಇರಲಿಲ್ಲ. 1879ರ ಕಾಯ್ದೆ ಪತ್ರದ ಹಿಂದೆ ಹೋಗಿ ನೋಡು ಎಂದಿತು. ಪತ್ರವೇ ಇಲ್ಲದ ಕಡೆ ಯಾವುದರ ಹಿಂದೆ ಹೋಗುವುದು? ಜೀತ ಪದ್ಧತಿಯನ್ನು ದೇಶದ ಕಾನೂನು ರದ್ದು ಮಾಡಿದ್ದು 1975ರ ಸುಗ್ರೀವಾಜ್ಞೆಯಿಂದ, 1976ರ ಕಾಯ್ದೆಯಿಂದ. ಚೋಮ ಪರದೆಗೆ ಬಂದ ವರ್ಷವೂ ಅದೇ 1975.

7

ಈಗ ಮೊದಲಿಗೆ ನೆನಪಿಡಿ ಎಂದ ಮಾತಿಗೆ ಬರುತ್ತೇನೆ. ಕಾಗದ ಇದ್ದದ್ದರಿಂದ ಒಬ್ಬ ಭೂಮಿ ಕಳಕೊಂಡ. ಕಾಗದ ಇಲ್ಲದ್ದರಿಂದ ಇನ್ನೊಬ್ಬನಿಗೆ ಭೂಮಿ ಸಿಗುತ್ತಿಲ್ಲ. ಈ ಎರಡನೆಯದು ಹಳೇ ಕತೆಯಲ್ಲ, ಈಗಲೂ ನಡೆಯುತ್ತಿರುವುದು.

2006ರ ಅರಣ್ಯ ಹಕ್ಕು ಕಾಯ್ದೆ ಕಾಡಿನಲ್ಲಿ ವಾಸಿಸುವವರ ಸಾಗುವಳಿಗೆ, ಮನೆಗೆ ಹಕ್ಕು ಕೊಡುತ್ತೇನೆ ಎಂದಿತು. ಪರಿಶಿಷ್ಟ ಪಂಗಡದವರಾದರೆ 2005ರ ಡಿಸೆಂಬರ್ 13ಕ್ಕೆ ಮುಂಚೆ ಕಾಡನ್ನೇ ನಂಬಿ ಅಲ್ಲಿ ವಾಸವಿದ್ದರೆ ಸಾಕು. ನಮ್ಮ ಜಿಲ್ಲೆಯ ಸಿದ್ದಿಗಳು 2003ರಲ್ಲಿ ಆ ಪಟ್ಟಿಗೆ ಸೇರಿದ್ದರಿಂದ ಅವರಿಗೆ ಈ ದಾರಿ ಇದೆ. ಉಳಿದವರು, ದಲಿತರೂ ಸೇರಿ, ‘ಇತರ ಪಾರಂಪರಿಕ ಅರಣ್ಯವಾಸಿಗಳು’. ಅವರು ಅದೇ ದಿನಾಂಕಕ್ಕೆ ಮೂರು ತಲೆಮಾರು ಅಲ್ಲೇ ಇದ್ದರೆಂದು ತೋರಿಸಬೇಕು. ಒಂದು ತಲೆಮಾರಿಗೆ 25 ವರ್ಷ, ಒಟ್ಟು 75. ಲೆಕ್ಕ ಹಾಕಿ: 1930.

1930! ‘ಸಾವಕಾರಿ ಪಾಶ’ ಬಂದು ಐದು ವರ್ಷ. ಕ್ಯಾಮೆರಾ, ಕಂಪನಿ, ಬಂಡವಾಳ, ಜಾಹೀರಾತು, ಸೆನ್ಸಾರು ಮಂಡಳಿ ಎಲ್ಲ ಇದ್ದ ಒಂದು ಉದ್ಯಮ ಆ ಕಾಲದ ಸಾವಿರಕ್ಕೂ ಹೆಚ್ಚು ಚಿತ್ರಗಳನ್ನು ಉಳಿಸಿಕೊಳ್ಳಲಾರದೆ ಹೋಯಿತು. ಹುಲ್ಲಿನ ಮಾಡು, ಮಣ್ಣಿನ ಗೋಡೆ, ಮೂರು ತಿಂಗಳು ಬಿಡದ ಮಳೆ, ಗೆದ್ದಲು, ಇವುಗಳ ನಡುವೆ ಬದುಕಿದವರನ್ನು ಅದೇ ಕಾಲದ ದಾಖಲೆ ತಾ ಎನ್ನುತ್ತಾರೆ. ಕಾಗದ ಬರೆಯುವ ಕೈ ಯಾರದಾಗಿತ್ತು, ಬರೆಯುವಾಗ ಯಾರ ಹೆಸರು ಬಿಟ್ಟರು ಎಂದು ಕೇಳುವವರಿಲ್ಲ.

ಇನ್ನೂ ವಿಚಿತ್ರವೆಂದರೆ ಕಾನೂನು ಹಾಗೆ ಕೇಳುವುದೇ ಇಲ್ಲ. ಆ ಕಾಯ್ದೆಯ ನಿಯಮ 13ರಲ್ಲಿ ಸಾಕ್ಷ್ಯಗಳ ಪಟ್ಟಿ ಇದೆ. ಸರ್ಕಾರಿ ದಾಖಲೆಗಳ ಜೊತೆಗೆ ಹಳೇ ಮನೆ, ಬಾವಿ, ಸಮಾಧಿ, ಪೂಜೆಯ ಜಾಗದಂಥ ಗುರುತುಗಳೂ ಇವೆ. ಅರ್ಜಿದಾರನಲ್ಲದ ಹಿರಿಯರ ಹೇಳಿಕೆಯನ್ನು ಬರೆದುಕೊಂಡರೆ ಅದೂ ಸಾಕ್ಷ್ಯ. ಒಂದಕ್ಕಿಂತ ಹೆಚ್ಚು ಬಗೆಯ ಸಾಕ್ಷ್ಯ ಇರಬೇಕು, ಅಷ್ಟೆ. ಇಂಥದೇ ದಾಖಲೆ ಬೇಕೆಂದು ಹಟ ಹಿಡಿಯಕೂಡದು ಎಂದು 2012ರ ತಿದ್ದುಪಡಿ ಸ್ಪಷ್ಟವಾಗಿ ಹೇಳಿದೆ. ಹೀಗಿದ್ದೂ ಕರ್ನಾಟಕದಲ್ಲಿ ಸಲ್ಲಿಸಿದ ಅರ್ಜಿಗಳಲ್ಲಿ ಬಹುಪಾಲು ತಿರಸ್ಕಾರವಾದವು. 2019ರ ಫೆಬ್ರುವರಿ 13ರಂದು ಸರ್ವೋಚ್ಚ ನ್ಯಾಯಾಲಯ ಅರ್ಜಿ ತಿರಸ್ಕಾರವಾದವರನ್ನು ಎಬ್ಬಿಸಲು ಹೇಳಿ, ದೇಶದಲ್ಲೆಲ್ಲ ಗಲಾಟೆಯಾದ ಮೇಲೆ ಅದೇ 28ರಂದು ಆ ಆದೇಶವನ್ನು ತಡೆಹಿಡಿಯಿತು. ಆ ಹದಿನೈದು ದಿನ ಕಾಡಂಚಿನ ಎಷ್ಟು ಮನೆಗಳಲ್ಲಿ ನಿದ್ದೆ ಇರಲಿಲ್ಲ ಎನ್ನುವುದನ್ನು ನಮ್ಮ ಕಡೆಯ ಕಾರ್ಯಕರ್ತರನ್ನು ಕೇಳಿ.

ಅಕ್ಷರ ಬಲ್ಲ ಸಿನೆಮಾ ನಿರ್ಮಾಪಕನ ಮಸುಕು ನೆನಪು ಚರಿತ್ರೆಯಾಗುತ್ತದೆ. ಅದರಲ್ಲಿ ಎರಡು ಚಿತ್ರ ಕಲೆತರೂ ಯಾರೂ ಪುಟ ಹರಿಯುವುದಿಲ್ಲ. ನಮ್ಮ ಅಜ್ಜಿ ‘ಈ ಹಲಸಿನ ಮರ ನನ್ನ ಮಾವ ಹಚ್ಚಿದ್ದು, ಆ ವರ್ಷ ದೊಡ್ಡ ನೆರೆ ಬಂದಿತ್ತು’ ಎಂದರೆ, ಯಾವ ಇಸವಿ ಎಂದು ಕೇಳಿ, ಅವಳು ತಡವರಿಸಿದರೆ ಅರ್ಜಿ ಬದಿಗಿಡುತ್ತಾರೆ. ಒಂದೇ ದೇಶದಲ್ಲಿ ನೆನಪಿಗೆ ಎರಡು ಬೆಲೆ. ಯಾರ ಬಾಯಿಂದ ಬಂತು ಎನ್ನುವುದರ ಮೇಲೆ ಅದರ ಬೆಲೆ ನಿಲ್ಲುತ್ತದೆ. ದಲಿತ ವಿಮರ್ಶೆ ಯಜಮಾನಿಕೆ ಎಂದು ಕರೆಯುವುದು ಇದನ್ನೇ. ಅದು ಕೃತಿಗಳ ಒಳಗೆ ಮಾತ್ರ ಇರುವುದಿಲ್ಲ, ಯಾವುದನ್ನು ಸಾಕ್ಷಿ ಎಂದು ಕರೆಯಬೇಕು ಎಂಬ ನಿರ್ಧಾರದಲ್ಲೇ ಕೂತಿರುತ್ತದೆ.

8

ಹಾಗಾದರೆ ನಾವು ಮಾಡಬೇಕಾದ್ದೇನು? ಎರಡು ಮಾತು ಹೇಳಿ ಮುಗಿಸುತ್ತೇನೆ.

ಮೊದಲನೆಯದು ಓದಿಗೆ ಸಂಬಂಧಿಸಿದ್ದು. ಕಳೆದುಹೋದ ಕೃತಿಗಳ ಬಗ್ಗೆ ನಮ್ಮ ವಿಮರ್ಶೆ ಎರಡು ಅತಿಗಳಿಂದ ದೂರ ಇರಬೇಕು. ಅಯ್ಯೋ ಎಂಥ ಚಿತ್ರ ಹೋಯಿತು ಎಂದು ಅಳುವುದು ಒಂದು ಅತಿ. ಅದರಲ್ಲಿ ನಾವು ಇರಲಿಲ್ಲ, ಹೋದರೆ ಹೋಗಲಿ ಎನ್ನುವುದು ಇನ್ನೊಂದು. ‘ಸಾವಕಾರಿ ಪಾಶ’ ನನಗೆ ಬೇಕು. ಬರೆದದ್ದೆಲ್ಲ ಸತ್ಯವಲ್ಲ ಎಂದು ಲಕ್ಷಾಂತರ ಅನಕ್ಷರಸ್ಥರ ಪರವಾಗಿ ಹೇಳಿದ ಚಿತ್ರ ಅದು. ಅದರ ಸಾರಾಂಶ ನಿಂತ ಕಡೆಯಿಂದ ಮುಂದಕ್ಕೆ, ಗಿರಣಿಯ ಮುಚ್ಚಿದ ಬಾಗಿಲಿನವರೆಗೆ, ಚೋಮನ ಗುಡಿಸಲಿನವರೆಗೆ ಓದನ್ನು ಒಯ್ಯುವುದು ನಮ್ಮ ಕೆಲಸ.

ಎರಡನೆಯದು ಬರೆದುಕೊಳ್ಳುವುದಕ್ಕೆ ಸಂಬಂಧಿಸಿದ್ದು, ಇದು ಹೆಚ್ಚು ತುರ್ತಿನದು. ನಮ್ಮ ವಿದ್ಯಾರ್ಥಿಗಳು ಜಾನಪದ ಸಂಗ್ರಹ ಎಂದು ಟೇಪು ಹಿಡಿದು ಕೇರಿಗೆ ಹೋದಾಗ ಹಾಡು, ಒಗಟು, ಮದುವೆಯ ಶಾಸ್ತ್ರ ಕೇಳಿ ಬರುತ್ತಿದ್ದರು. ಈಗ ಎಲ್ಲರ ಜೇಬಿನಲ್ಲೂ ಮೊಬೈಲು ಇದೆ. ಹಾಡಿನ ಜೊತೆಗೆ ಇನ್ನೂ ಕೆಲವು ಪ್ರಶ್ನೆ ಕೇಳೋಣ: ಯಾವ ಸಾಲಕ್ಕೆ ಯಾರು ಎಷ್ಟು ವರ್ಷ ದುಡಿದರು? ಆ ಮನೆಯ ಅಡಿಪಾಯ ಎಲ್ಲಿದೆ? ಬಾವಿ ತೋಡಿದವರು ಯಾರು? ಸತ್ತವರನ್ನು ಹುಗಿದದ್ದು ಎಲ್ಲಿ? ಕೇಳಿದ್ದನ್ನು ಅವರ ಮಾತಿನಲ್ಲೇ ಬರೆದು, ಓದಿ ಹೇಳಿ, ಗ್ರಾಮಸಭೆಯಲ್ಲಿ ಸಾಕ್ಷಿ ಹಾಕಿಸಿ, ಒಂದು ಪ್ರತಿ ಅರ್ಜಿಗೆ ಸೇರಿಸಿ, ಒಂದು ಪ್ರತಿ ಊರಿನಲ್ಲೇ ಇಡೋಣ. ಇದು ಸಾಹಿತ್ಯದ ಕೆಲಸವೂ ಹೌದು, ನಿಯಮ 13ರ ಪ್ರಕಾರ ಸಾಕ್ಷ್ಯವೂ ಹೌದು. ತಿರಸ್ಕಾರದ ಆದೇಶ ಬಂದರೆ ಕಾರಣವನ್ನು ಬರಹದಲ್ಲಿ ಕೇಳಿ ಪಡೆಯೋಣ; ಮೇಲ್ಮನವಿಗೆ ಅದೇ ಆಧಾರ.

1930ರಲ್ಲಿ ಹತ್ತು ವರ್ಷದವರಾಗಿದ್ದವರು ಈಗ ಇದ್ದರೆ ನೂರು ದಾಟಿರುತ್ತಾರೆ. ಅವರಿಂದ ಕೇಳಿಸಿಕೊಂಡವರು ಎಂಬತ್ತರ ಆಸುಪಾಸಿನಲ್ಲಿದ್ದಾರೆ. ನೈಟ್ರೇಟಿನ ರೀಲಿನಂತೆ ಅವರಿಗೂ ಹೆಚ್ಚು ಕಾಲವಿಲ್ಲ. ಈ ಮಳೆಗಾಲ ಕಳೆದು ದಾರಿ ಒಣಗಿದ ಕೂಡಲೇ ಹೊರಡಬೇಕು.